ನಿಮ್ಮದು, ಅಕ್ಕ

ಈ ಕಥೆಯ ಗುರುವಿಗೆ ಗಡ್ಡವಿರಲಿಲ್ಲ. ಕೊರಳಲ್ಲಿ ರುದ್ರಾಕ್ಷಿ ಇರಬೇಕಾದ ಜಾಗದಲ್ಲಿ ಒಂದು ವಿಷಲ್ ನೇತಾಡುತ್ತಿತ್ತು. ಹೆಸರು ಬೋರಮ್ಮ.

ಕಾಲೇಜಿಗೆ ಹೊಸದಾಗಿ ಬಂದ ಹುಡುಗಿಯರು ಆ ಹೆಸರು ಕೇಳಿ ಕಿಸಕ್ಕನೆ ನಗುತ್ತಿದ್ದರು. ಅಂಕಣಕ್ಕೆ ಇಳಿದ ಮೇಲೆ ನಗುವಷ್ಟು ಉಸಿರು ಯಾರಲ್ಲೂ ಉಳಿಯುತ್ತಿರಲಿಲ್ಲ.

ಆಶ್ರಮವೆಂದರೆ ಇಷ್ಟೇ: ಹೆಣ್ಣುಮಕ್ಕಳ ಕಾಲೇಜಿನ ಹಿಂದೆ, ಹೊಳೆಯ ದಂಡೆಯಲ್ಲಿ ಎರಡು ಕಂಬ, ನಡುವೆ ವಾಲಿಬಾಲಿನ ಬಲೆ, ಸುತ್ತ ಸುಣ್ಣದ ಗೆರೆ. ಗೆರೆಯನ್ನು ದಿನಾ ಬೆಳಿಗ್ಗೆ ಶಿಷ್ಯೆಯರೇ ಎಳೆಯಬೇಕು. ಸೊಟ್ಟಗಾದರೆ ಅವತ್ತಿನ ಆಟವೆಲ್ಲ ಸೊಟ್ಟ ಗೆರೆಯೊಳಗೇ.

ದಾಕ್ಷಾಯಿಣಿ ಅಲ್ಲಿಗೆ ಬಂದದ್ದು ಬಿ.ಕಾಂ. ಮೊದಲ ವರ್ಷದಲ್ಲಿ. ಹಿಟ್ಟಿನ ಗಿರಣಿಯ ಗುರುಮಲ್ಲಪ್ಪನವರ ಒಬ್ಬಳೇ ಮಗಳು. ಉದ್ದ ಎಂದರೆ ಅಂಥಿಂಥ ಉದ್ದವಲ್ಲ. ಮದುವೆ ಮನೆಗಳಲ್ಲಿ ಹೆಂಗಸರು ಅವಳನ್ನು ಪಾದದಿಂದ ಶುರುಮಾಡಿ ಮೇಲಕ್ಕೆ ನೋಡುತ್ತಾ ಹೋಗಿ, "ಇವಳಿಗೆ ಗಂಡು ಎಲ್ಲಿಂದ ತರ್ತೀಯ ಚೆನ್ನಾಜಮ್ಮ?" ಎಂದು ಅವಳ ತಾಯಿಯನ್ನು ಕೇಳುತ್ತಿದ್ದರು.

ಅವಳ ಎತ್ತರ ನೋಡಿ "ಸದ್ಯ" ಎಂದವರು ಬೋರಮ್ಮ ಮೇಡಂ ಒಬ್ಬರೇ.

"ಡಿಗ್ರಿ ಮುಗಿಯೋವರೆಗೆ ಆಡ್ಕೊಳ್ಳಲಿ," ಎಂದು ಅಪ್ಪ ಮನೆಯಲ್ಲಿ ಒಂದು ಸಲ ಹೇಳಿದ್ದರು. ಆಮೇಲೆ ಆ ಮಾತನ್ನು ಯಾರೂ ಎತ್ತಲಿಲ್ಲ. ಮೊದಮೊದಲು ದಾಕ್ಷಿಗೆ ಅದರಲ್ಲಿ "ಆಡ್ಕೊಳ್ಳಲಿ" ಎಂಬುದು ಮಾತ್ರ ಕೇಳಿಸಿತ್ತು. "ಮುಗಿಯೋವರೆಗೆ" ಎಂಬುದು ಬರಬರುತ್ತಾ ಕೇಳಿಸತೊಡಗಿತು.

ಅವಳು ಚೆಂಡು ಹೊಡೆದರೆ ಆಚೆ ದಡಕ್ಕೆ ಸದ್ದು ಮುಟ್ಟುತ್ತಿತ್ತು. ಆದರೂ ಆಡುವ ಆರು ಜನರಲ್ಲಿ ಅವಳಿರಲಿಲ್ಲ. ಪಂದ್ಯಗಳಲ್ಲಿ ಬೆಂಚಿನ ಮೇಲೆ ಕೂತು ನೀರಿನ ಬಾಟಲಿಗಳನ್ನು ಕಾಯುತ್ತಿದ್ದಳು.

ಒಂದು ದಿನ ಧೈರ್ಯ ಮಾಡಿ ಕೇಳಿದಳು.

"ಮೇಡಂ, ನನ್ನ ಹೊಡೆತ ಸರಿ ಇಲ್ವಾ?"

"ಸರಿ ಇದೆ."

"ನೆಗೆಯೋದು?"

"ಅದೂ ಸರಿ ಇದೆ."

"ಮತ್ತೆ ಯಾಕೆ ಮೇಡಂ ನನ್ನ ಆಡಿಸಲ್ಲ?"

"ಅದನ್ನ ವಿನುತಾನ ಕೇಳು."

ವಿನುತಾ ಮೂರನೇ ವರ್ಷದವಳು, ತಂಡದ ನಾಯಕಿ, ಬಾಯಿ ಜೋರು. ಬಲೆ ಬಿಗಿಯುತ್ತಿದ್ದವಳು ತಿರುಗಿಯೂ ನೋಡದೆ ಹೇಳಿದಳು.

"ನಿನ್ನ ಪಕ್ಕ ನಿಂತ್ಕೊಳೋಕೆ ನಂಗೆ ಭಯ ಕಣೆ. ಚೆಂಡು ಬಂದ್ರೆ ಸಾಕು, ಮಂಗಳಾರತಿ ತಟ್ಟೆ ಬಂದ ಹಾಗೆ, ಮೊದಲು ನೀವು ತಗೊಳಿ ಅಂತ ಪಕ್ಕದೋರ ಮುಖ ನೋಡ್ತೀಯ."

ಮಾತು ನಿಜವಾಗಿತ್ತು.

ಚೆಂಡು ಇಬ್ಬರ ನಡುವೆ ಬಂದಾಗ, ತೆಗೆದುಕೊಳ್ಳುವವಳು "ನಂದು!" ಎಂದು ಕೂಗಬೇಕು. ಕೂಗು ಕೇಳಿದವರು ಜಾಗ ಬಿಡಬೇಕು. ವಾಲಿಬಾಲಿನ ಮೊದಲ ಪಾಠವೇ ಅದು. ದಾಕ್ಷಿಯ ಬಾಯಲ್ಲಿ ಮಾತ್ರ ಬೇರೆಯದೇ ಬರುತ್ತಿತ್ತು.

"ನಿಮ್ಮದು, ಅಕ್ಕ."

ತನಗಿಂತ ದೊಡ್ಡವರನ್ನು ಏಕವಚನದಲ್ಲಿ ಕರೆಯುವುದನ್ನು ಗಿರಣಿಯವರ ಮನೆಯಲ್ಲಿ ಕಲಿಸಿರಲಿಲ್ಲ. ಅವರ ಕೈಗೆ ಹೋಗಬಹುದಾದದ್ದನ್ನು ತಾನು ನಡುವೆ ಬಾಯಿ ಹಾಕಿ ತೆಗೆದುಕೊಳ್ಳುವುದನ್ನಂತೂ ಕಲಿಸಿರಲೇ ಇಲ್ಲ. "ನಿಮ್ಮದು" ಮುಗಿದು "ಅಕ್ಕ" ಶುರುವಾಗುವ ಹೊತ್ತಿಗೆ ಚೆಂಡು ನೆಲ ಮುಟ್ಟಿರುತ್ತಿತ್ತು. ಮರ್ಯಾದೆಗೆ ಸ್ವಲ್ಪ ಸಮಯ ಹಿಡಿಯುತ್ತದೆ. ಚೆಂಡಿನ ಹತ್ತಿರ ಅಷ್ಟು ಸಮಯ ಇರುವುದಿಲ್ಲ.

ಅವತ್ತು ಆಟ ಮುಗಿದ ಮೇಲೆ ಮೇಡಂ ಇಬ್ಬರನ್ನೂ ಹೊಳೆಯ ಮೆಟ್ಟಿಲಿಗೆ ಕರೆದುಕೊಂಡು ಹೋದರು. ಇಬ್ಬರೂ ಕೆಳಗಿನ ಮೆಟ್ಟಿಲ ಮೇಲೆ ನಿಂತರು. ಮೇಡಂ ಕೈಯಲ್ಲಿದ್ದ ಚೆಂಡನ್ನು ಅವರಿಬ್ಬರ ಮುಂದೆ, ಸರಿಯಾಗಿ ನಡುವೆ, ನೀರಿಗೆ ಎಸೆದರು.

ನೀರು ಅಲ್ಲಿ ಮೊಣಕಾಲಿನಷ್ಟು. ದಾಕ್ಷಿ ವಿನುತಾಳ ಮುಖ ನೋಡಿದಳು. ವಿನುತಾ ಕೈ ಕಟ್ಟಿ ಆಕಾಶ ನೋಡುತ್ತಿದ್ದಳು. ಚೆಂಡು ಒಂದು ಸುತ್ತು ತಿರುಗಿತು, ಇನ್ನೊಂದು ಸುತ್ತು ತಿರುಗಿತು, ಆಮೇಲೆ ಸೆಳವಿಗೆ ಸಿಕ್ಕಿ ಹೊರಟೇಹೋಯಿತು.

"ಯಾರದು ಆ ಚೆಂಡು?" ಎಂದರು ಮೇಡಂ.

"ಕಾಲೇಜಿಂದು, ಮೇಡಂ."

"ಅದು ಆಗ. ಈಗ?"

ದಾಕ್ಷಿ ತೇಲಿಹೋಗುತ್ತಿದ್ದ ಚೆಂಡನ್ನು ನೋಡಿದಳು.

"ಈಗ ಹೊಳೇದು," ಎಂದರು ಮೇಡಂ. "ಅದಕ್ಕೆ ಸಂಕೋಚ ಇಲ್ಲ."

ಮರುದಿನ ಹೊಸ ಕಾನೂನು ಬಂತು.

"ಗೆರೆ ಒಳಗೆ ಅಕ್ಕ ಇಲ್ಲ, ತಂಗಿ ಇಲ್ಲ, ನೀವು ತಾವು ಇಲ್ಲ. ಅದನ್ನೆಲ್ಲ ಚಪ್ಪಲಿ ಜೊತೆ ಹೊರಗಡೆ ಬಿಟ್ಟು ಬನ್ನಿ. ಹೋಗ್ತಾ ಮತ್ತೆ ಹಾಕ್ಕೊಂಡು ಹೋಗಬಹುದು."

ವಿನುತಾಳಿಗೆ ಹಬ್ಬವಾಯಿತು.

"ಏ ದಾಕ್ಷಿ, ನಂಗೆ 'ಹೋಗೇ' ಅನ್ನು ನೋಡೋಣ."

"ಹೋಗಿ."

"ಹೋಗಿ ಅಲ್ಲ, ಹೋಗೇ."

"ಹೋಗೇ... ಅಕ್ಕ."

ಇಡೀ ತಂಡ ನೆಲಕ್ಕೆ ಬಿದ್ದು ನಕ್ಕಿತು. ದಾಕ್ಷಿಯ ಕಿವಿ ಕೆಂಪಾದವು. ಮೇಡಂ ಅವಳ ಭುಜ ಹಿಡಿದು ಹೊಳೆಯ ಕಡೆಗೆ ತಿರುಗಿಸಿ ನಿಲ್ಲಿಸಿದರು.

"ನಂದು ಅಂತ ಕೂಗು."

"ಏನು ನಂದು, ಮೇಡಂ?"

"ಮೊದಲು ಕೂಗು. ಏನು ಅನ್ನೋದು ಆಮೇಲೆ ಗೊತ್ತಾಗುತ್ತೆ."

"ನಂದು."

"ಯಾರಿಗೆ ಗುಟ್ಟು ಹೇಳ್ತಿದ್ದೀಯ?"

"ನಂದು!"

"ಇನ್ನೂ ಗುಟ್ಟೇ."

ದಾಕ್ಷಿ ಕಣ್ಣು ಮುಚ್ಚಿಕೊಂಡಳು. ಹೊಟ್ಟೆಯ ತಳದಿಂದ ಎಳೆದು ಕೂಗಿದಳು. ಆಚೆ ದಡದಲ್ಲಿ ಬಟ್ಟೆ ಒಗೆಯುತ್ತಿದ್ದ ಹೆಂಗಸೊಬ್ಬಳು ಸೊಂಟ ನೆಟ್ಟಗೆ ಮಾಡಿ ನಿಂತು, ಹಣೆಗೆ ಕೈಯಿಟ್ಟು ಈ ಕಡೆ ನೋಡಿದಳು.

"ನಿಂದೇ ಇಟ್ಕೊಳವ್ವೋ!" ಎಂದು ಅಲ್ಲಿಂದ ಕೂಗು ಬಂತು. "ಇಲ್ಯಾರು ಕಿತ್ಕೊಂಡ್ರು?"

ದಾಕ್ಷಿಗೆ ಭೂಮಿ ಬಾಯಿ ಬಿಡಬಾರದೇ ಅನ್ನಿಸಿತು. ಮೇಡಂಗೆ ಮಾತ್ರ ಸಮಾಧಾನವಾಯಿತು.

"ಅವಳಿಗೆ ಕೇಳಿಸ್ತು ಅಂದ್ರೆ ವಿನುತಾಗೂ ಕೇಳಿಸುತ್ತೆ. ಬಾ."

ದಾಕ್ಷಿ ಹಿಂದೆ ಹಿಂದೆ ನಡೆದಳು. ಅವಳ ತಲೆಯಲ್ಲಿ ಒಂದು ಪ್ರಶ್ನೆ ಕೊರೆಯುತ್ತಿತ್ತು.

"ಮೇಡಂ, ನಮ್ಮಜ್ಜಿ ಮಠಕ್ಕೆ ಹೋಗ್ತಾರೆ. ಅಲ್ಲಿ ಬುದ್ಧಿಯವರು, ನಾನು ನಂದು ಅನ್ನೋದನ್ನ ಬಿಟ್ಟುಬಿಡಿ ಅಂತಾರಂತೆ."

"ಸರಿಯಾಗೇ ಹೇಳ್ತಾರೆ."

"ನೀವು ಕೂಗು ಅಂತೀರ."

"ನಾನೂ ಸರಿಯಾಗೇ ಹೇಳ್ತೀನಿ."

"ಎರಡೂ ಹೇಗೆ ಸರಿ ಆಗುತ್ತೆ?"

ಮೇಡಂ ನಿಂತರು. ದಾಕ್ಷಿಯ ಕಂಕುಳಲ್ಲಿದ್ದ ಚೆಂಡನ್ನು ತೆಗೆದು ತಮ್ಮ ಕಂಕುಳಲ್ಲಿ ಇಟ್ಟುಕೊಂಡರು.

"ಈಗ ಚೆಂಡು ಬಿಡು."

"ನನ್ನ ಹತ್ರ ಎಲ್ಲಿದೆ ಮೇಡಂ?"

"ಹೂಂ," ಎಂದು ಮೇಡಂ ಮುಂದೆ ನಡೆದರು.

ಆ ವರ್ಷದ ಕೊನೆಗೆ, ಪಕ್ಕದ ಊರಿನ ಕಾಲೇಜಿನ ಜೊತೆ ನಡೆದ ಪಂದ್ಯದಲ್ಲಿ ಒಬ್ಬಳ ಬೆರಳು ಉಳುಕಿ, ದಾಕ್ಷಿ ಒಳಗೆ ಹೋದಳು. ಚೆಂಡು ಬಂತು. ಎಲ್ಲ ಬಿಟ್ಟು ಅವಳ ಮತ್ತು ವಿನುತಾಳ ನಡುವೆಯೇ ಬಂತು.

"ನಂದು!"

ಆ ದನಿಗೆ ಎದುರು ತಂಡದವರೂ ಒಂದು ಹೆಜ್ಜೆ ಹಿಂದೆ ಸರಿದರು. ವಿನುತಾ ಪಕ್ಕಕ್ಕೆ ಹಾರಿ ಕೂತೇಬಿಟ್ಟಳು. ಅಂಕ ಬಂತು.

"ನನ್ನೇ ಬೀಳಿಸಿಬಿಟ್ಯಲ್ಲೇ!"

"ಸಾರಿ ಅಕ್ಕ!"

"ಗೆರೆ ಒಳಗಿದ್ದೀಯ."

"ಸಾರಿ ಕಣೇ!"

ವಿನುತಾ ಮಣ್ಣಿನ ಕೈಯಲ್ಲೇ ಅವಳನ್ನು ತಬ್ಬಿಕೊಂಡಳು. ಅವತ್ತಿನಿಂದ ದಾಕ್ಷಿ ಆರರಲ್ಲಿ ಒಬ್ಬಳಾದಳು.

ಪರೀಕ್ಷೆ ಮುಗಿದ ಮೇಲೆ ವಿನುತಾಳ ಮದುವೆಯಾಯಿತು. ಕೆಲವು ತಿಂಗಳು ಕಳೆದು ತವರಿಗೆ ಬಂದಾಗ ಹೊಳೆಯ ದಂಡೆಗೂ ಬಂದಳು. ಗೆರೆಯ ಹೊರಗೆ, ಚಪ್ಪಲಿ ಹಾಕಿಕೊಂಡೇ ನಿಂತು ಆಟ ನೋಡಿದಳು.

"ಒಂದೇ ಒಂದು ಸರ್ವಿಸ್ ಹೊಡಿ ಬಾರೇ," ಎಂದಳು ದಾಕ್ಷಿ.

"ಬೇಡ ಕಣೆ. ಸೀರೆ."

"ಎತ್ತಿ ಕಟ್ಟು."

"ಅವರು ಗೇಟ್ ಹತ್ರ ಕಾಯ್ತಿದ್ದಾರೆ."

ವಿನುತಾ ಚೆಂಡನ್ನು ಕೇಳಿ ತೆಗೆದುಕೊಂಡು, ಎರಡು ಕೈಯಲ್ಲಿ ಸ್ವಲ್ಪ ಹೊತ್ತು ಹಿಡಿದುಕೊಂಡು, ವಾಪಸ್ಸು ಕೊಟ್ಟಳು. ಅವಳು ಹೋದ ಮೇಲೆ ದಾಕ್ಷಿಗೆ ಎರಡು ವಿಷಯ ಹೊಳೆದವು. ಇವತ್ತು ಗೆರೆಯ ಹೊರಗೂ ತಾನು ಅವಳನ್ನು ಅಕ್ಕ ಎನ್ನಲಿಲ್ಲ. ಎರಡನೆಯದು, ವಿನುತಾಳ ಮನೆಯಲ್ಲೂ ಯಾರೋ "ಮುಗಿಯೋವರೆಗೆ" ಎಂದಿರಬೇಕು.

ಆ ಭಯಕ್ಕೋ ಏನೋ, ಎರಡನೇ ವರ್ಷ ದಾಕ್ಷಿ ಬಂದ ಚೆಂಡನ್ನೆಲ್ಲ "ನಂದು" ಎನ್ನತೊಡಗಿದಳು. ಮುಂದಿನದು ನಂದು. ಪಕ್ಕದ್ದು ನಂದು. ಹಿಂದೆ ಬಿದ್ದದ್ದೂ ನಂದೇ.

ಹಿಂದಿನ ಜಾಗ ಸಫೂರಾಳದು. ಮೊದಲ ವರ್ಷದ ಹುಡುಗಿ, ದಾಕ್ಷಿಯ ಮೊಣಕೈಯಷ್ಟು ಎತ್ತರ. ನೆಲಕ್ಕೆ ಬೀಳುವ ಚೆಂಡನ್ನು ಬೆಕ್ಕಿನ ಹಾಗೆ ಹಾರಿ ಎತ್ತುವವಳು.

"ದಾಕ್ಷಿ, ಹಿಂದುಗಡೆದು ನಂದಲ್ವಾ?" ಎಂದು ಒಂದೆರಡು ಸಲ ಕೇಳಿದಳು.

"ನೀನು ತಲುಪಲ್ಲ ಕಣೆ."

ಒಂದು ಬೆಳಿಗ್ಗೆ ಸಫೂರಾ "ನಂದು" ಎಂದು ಮುಂದೆ ಬಂದಳು, ದಾಕ್ಷಿ "ನಂದು" ಎಂದು ಹಿಂದೆ ಹೋದಳು. ದಾಕ್ಷಿಯ ಮೊಣಕೈ ಸಫೂರಾಳ ಮೂಗಿಗೆ ಬಡಿಯಿತು. ರಕ್ತ ಬಂತು.

ಮೇಡಂ ವಿಷಲ್ ಊದಿದರು.

"ಎಲ್ಲರೂ ಹೊರಗೆ ಬನ್ನಿ. ದಾಕ್ಷಿ ಇರಲಿ. ಎಲ್ಲ ಅವಳದಂತೆ."

ಅಂಕಣ ಖಾಲಿಯಾಯಿತು. ಮೇಡಂ ಬಲೆಯ ಆಚೆ ನಿಂತು ತಾವೇ ಸರ್ವಿಸ್ ಮಾಡಿದರು. ದಾಕ್ಷಿ ಓಡಿಹೋಗಿ ಚೆಂಡನ್ನು ಅಂದವಾಗಿ ಮೇಲಕ್ಕೆ ಎತ್ತಿದಳು. ಅದು ಇಳಿಯುವಾಗ ನೆಗೆದು ಹೊಡೆದಳು. ಎಂಥ ಹೊಡೆತ!

ವಿಷಲ್.

"ಎರಡು ಸಲ ಮುಟ್ಟಿದೆ."

ಮತ್ತೆ ಸರ್ವಿಸ್ ಬಂತು. ದಾಕ್ಷಿ ಎತ್ತಿದಳು. ಚೆಂಡು ಮೇಲೆ ಹೋಯಿತು, ಕೆಳಗೆ ಬಂತು. ಅದರ ಕೆಳಗೇ ಅವಳು ನಿಂತಿದ್ದಳು, ಎರಡೂ ಕೈ ಸಿದ್ಧವಾಗಿದ್ದವು. ಮುಟ್ಟುವ ಹಾಗಿರಲಿಲ್ಲ. ಅವಳ ಕಾಲ ಬಳಿಯೇ ಅದು ಬಿತ್ತು.

ಬಿಸಿಲೇರುವವರೆಗೂ ಹೀಗೇ ನಡೆಯಿತು. ಕೊನೆಗೆ ಅವಳು ಮೊಣಕಾಲಿಗೆ ಕೈ ಊರಿ ನಿಂತಳು.

"ಒಬ್ಬಳೇ ಆಡೋಕ್ಕಾಗಲ್ಲ ಮೇಡಂ."

"ಯಾಕೆ? ಶಕ್ತಿ ಇಲ್ವಾ?"

"ಶಕ್ತಿ ಇದೆ. ನಾನು ಮುಟ್ಟಿದ ಮೇಲೆ, ಇನ್ನೊಬ್ಬರು ಮುಟ್ಟೋವರೆಗೆ ನಾನು ಮತ್ತೆ ಮುಟ್ಟಬಾರದಲ್ಲ."

"ಯಾರು ಮಾಡಿದ್ರು ಆ ನಿಯಮ?"

"ಗೊತ್ತಿಲ್ಲ ಮೇಡಂ."

"ಯಾರೋ ಬುದ್ಧಿಯವರೇ ಇರಬೇಕು," ಎಂದು ಮೇಡಂ ಸುಣ್ಣದ ಬಕೆಟ್ಟು ಎತ್ತಿಕೊಂಡು ಹೋದರು.

ಸಫೂರಾ ನಲ್ಲಿಯ ಬಳಿ ಮೂಗು ತೊಳೆಯುತ್ತಿದ್ದಳು. ದಾಕ್ಷಿ ಹೋಗಿ ಪಕ್ಕದಲ್ಲಿ ನಿಂತಳು. ತನ್ನ ದುಪಟ್ಟಾ ಒದ್ದೆ ಮಾಡಿ ಹಿಂಡಿ ಕೊಟ್ಟಳು.

"ತುಂಬಾ ನೋವಾ?"

"ಇಲ್ಲ ಅಕ್ಕ."

"ಅಕ್ಕ ಅನ್ನಬಾರದು ಅಂತ ಗೊತ್ತಿಲ್ವಾ?"

"ಈಗ ಗೆರೆ ಹೊರಗಿದ್ದೀವಲ್ಲ ಅಕ್ಕ," ಎಂದಳು ಸಫೂರಾ, ಮೂಗು ಹಿಡಿದುಕೊಂಡೇ. "ಹೊರಗಡೆ ಬೈಯೋ ಹಾಗಿಲ್ಲ, ನೋಡಿ."

ಮೂರನೇ ವರ್ಷ ಶುರುವಾಗುತ್ತಿದ್ದ ಹಾಗೆ, ನೆಗೆದು ಇಳಿಯುವಾಗ ದಾಕ್ಷಿ ಎದುರಾಳಿಯ ಪಾದದ ಮೇಲೆ ಇಳಿದಳು. ಕಾಲಿನ ಗೆಣ್ಣು ಕುಂಬಳಕಾಯಿಯಷ್ಟಾಯಿತು. ನಡೆಯಬಹುದು, ದೀಪಾವಳಿವರೆಗೆ ನೆಗೆಯಬಾರದು ಎಂದರು ಡಾಕ್ಟರು.

ಅವಳು ಕುಂಟಿಕೊಂಡೇ ದಿನಾ ಬಂದಳು. ಮೇಡಂ ಮೆಟ್ಟಿಲ ಮೇಲೆ ಕೂತು, ಅವಳ ಕಾಲನ್ನು ತಮ್ಮ ತೊಡೆಯ ಮೇಲೆ ಇಟ್ಟುಕೊಂಡು ಬ್ಯಾಂಡೇಜು ಸುತ್ತುತ್ತಿದ್ದರು. ಮೊದಲ ದಿನ ಅವಳು ಸಂಕೋಚದಿಂದ ಕಾಲು ಎಳೆದುಕೊಂಡಳು. ಗುರುವಿನ ತೊಡೆಯ ಮೇಲೆ ಶಿಷ್ಯೆಯ ಕಾಲೇ?

"ಕಾಲು ಕೊಡು," ಎಂದರು ಮೇಡಂ. "ಕೈ ಉಳುಕಿದ್ರೆ ಕೈ ಕೇಳ್ತಿದ್ದೆ."

ಒಂದು ದಿನ ಅವಳಿಗೆ ಅಳು ತಡೆಯಲಾಗಲಿಲ್ಲ.

"ಇದೇ ಕೊನೇ ವರ್ಷ ಮೇಡಂ. ಆಮೇಲೆ ನಂಗೆ ಆಟ ಇಲ್ಲ. ಇದೂ ಹೀಗೆ ಹೋಯ್ತು."

"ಬಿಗಿ ಆಯ್ತಾ?"

"ನಾನು ಹೇಳಿದ್ದು ಕೇಳಿಸ್ತಾ ಮೇಡಂ?"

"ಕೇಳಿಸ್ತು. ಬಿಗಿ ಆಯ್ತಾ?"

"ಇಲ್ಲ."

"ಹಾಗಾದ್ರೆ ಏಳು. ನಡೀಬಹುದು ಅಂದಿದ್ದಾರಲ್ಲ. ಹೋಗಿ ಗೆರೆ ಎಳಿ."

ಅವಳು ಕಣ್ಣೀರು ಒರೆಸಿಕೊಳ್ಳುತ್ತಾ, ಕುಂಟುತ್ತಾ ಗೆರೆ ಎಳೆದಳು. ಪ್ರತಿ ಹೆಜ್ಜೆಗೂ ಅದು ಹಾವಿನಂತೆ ವಾಲಿತು. ಅವತ್ತು ಎಲ್ಲರೂ ಆ ಗೆರೆಯೊಳಗೇ ಆಡಿದರು. ಯಾರೂ ಒಂದು ಮಾತೂ ಎತ್ತಲಿಲ್ಲ.

ಬೆಂಚಿನ ಮೇಲೆ ಕೂತ ಆ ತಿಂಗಳುಗಳಲ್ಲಿ ಅವಳಿಗೆ ಹೊಸದೊಂದು ಕಂಡಿತು. ಒಳಗಿದ್ದಾಗ ಚೆಂಡು ಕಾಣುತ್ತಿತ್ತು. ಹೊರಗೆ ಕೂತಾಗ, ಯಾರೂ ನಿಂತಿರದ ಜಾಗಗಳು ಕಂಡವು. "ಸಫೂ, ನಿಂದು!" ಎಂದು ಅಲ್ಲಿಂದಲೇ ಕೂಗುವಳು. ಸಫೂರಾ ತಿರುಗಿ ನೋಡದೆ ಹಾರುವಳು.

ದೀಪಾವಳಿಯಾದ ಮೇಲೆ ಅವಳೇ ನಾಯಕಿಯಾದಳು. ತಂಡ ಗೆಲ್ಲುತ್ತಾ ಗೆಲ್ಲುತ್ತಾ ಯೂನಿವರ್ಸಿಟಿಯ ಅಂತಿಮ ಪಂದ್ಯದವರೆಗೆ ಹೋಯಿತು. ಅಲ್ಲಿ ಕೊನೆಯ ಚೆಂಡನ್ನು ದಾಕ್ಷಿ ಹೊಡೆದಳು. ಅದು ಗೆರೆಯಿಂದ ಒಂದು ಗೇಣು ಆಚೆ ಬಿತ್ತು.

ವಾಪಸ್ಸು ಬರುವ ವ್ಯಾನಿನಲ್ಲಿ ಮೇಡಂ ಮುಂದಿನ ಸೀಟಿನಿಂದ ತಿರುಗಿದರು.

"ಆ ಕೊನೇ ಚೆಂಡು ಯಾರ ತಪ್ಪು?"

"ನಂದು ಮೇಡಂ," ಎಂದಳು ದಾಕ್ಷಿ.

"ಇಲ್ಲ ಮೇಡಂ, ನಂದು," ಎಂದಳು ಸಫೂರಾ. "ನಾನು ಎತ್ತಿದ್ದೇ ಸರಿ ಇರಲಿಲ್ಲ."

"ನಾನು ತುಂಬಾ ದೂರ ಕೊಟ್ಟೆ ಮೇಡಂ, ನಂದು," ಎಂದು ಹಿಂದಿನ ಸೀಟಿನಿಂದ ಬಂತು. ಅದರ ಪಕ್ಕದಿಂದ ಇನ್ನೊಂದು. ಅದರ ಪಕ್ಕದಿಂದ ಮತ್ತೊಂದು.

"ಒಂದೇ ಚೆಂಡಿಗೆ ಎಲ್ಲರೂ ಹೋಗಬೇಡಿ ಅಂತ ಎಷ್ಟು ಸಲ ಬಡ್ಕೊಂಡಿದೀನಿ!" ಎಂದು ಮೇಡಂ ಗದರಿದರು. ಆಮೇಲೆ ಮುಖವನ್ನು ಬೇಗ ಮುಂದಕ್ಕೆ ತಿರುಗಿಸಿಕೊಂಡರು.

ಸೋತರೂ ದಾಕ್ಷಿಯ ಆಟವನ್ನು ನೋಡಬೇಕಾದವರು ನೋಡಿದ್ದರು. ಮೈಸೂರಿನ ಒಂದು ಕ್ಲಬ್ಬಿನವರು ಕರೆದರು. ಪರೀಕ್ಷೆ ಮುಗಿದ ಕೂಡಲೇ ಬಾ, ಹಾಸ್ಟೆಲು ಇದೆ, ಒಳ್ಳೆಯ ತರಬೇತಿ ಇದೆ, ರಾಜ್ಯ ತಂಡಕ್ಕೆ ನಮ್ಮಲ್ಲಿಂದ ಹುಡುಗಿಯರು ಹೋಗುತ್ತಾರೆ ಎಂದರು.

ಅದೇ ವಾರ ಮನೆಯಲ್ಲಿ ಅಮ್ಮ ಹೇಳಿದಳು: "ಭಾನುವಾರ ನಿನ್ನ ನೋಡೋಕೆ ಬರ್ತಾರೆ."

ದಾಕ್ಷಿ ಅಮ್ಮನಿಗೆ ಮೈಸೂರಿನ ಸುದ್ದಿ ಹೇಳಿದಳು. ಅಮ್ಮ, "ಅಪ್ಪನ್ನ ಕೇಳು," ಎಂದಳು. ದಾಕ್ಷಿ ಅಪ್ಪನನ್ನು ಕೇಳಲಿಲ್ಲ. ಸೀದಾ ಹೊಳೆಯ ದಂಡೆಗೆ ಬಂದಳು.

"ನಮ್ಮನೆಗೆ ಬನ್ನಿ ಮೇಡಂ. ಅಪ್ಪನ ಹತ್ರ ನೀವು ಮಾತಾಡಬೇಕು. ನಿಮ್ಮ ಮೇಲೆ ಅವರಿಗೆ ತುಂಬಾ ಗೌರವ. ನೀವು ಹೇಳಿದ್ರೆ ಆಗುತ್ತೆ."

ಮೇಡಂ ಬಲೆಯ ಗಂಟು ಬಿಚ್ಚುತ್ತಿದ್ದರು.

"ಕಾಫಿ ಕೊಡ್ತಾರಾ?"

"ಕೊಡ್ತಾರೆ ಮೇಡಂ!"

"ಬರ್ತೀನಿ."

ಶುಕ್ರವಾರ ಸಂಜೆ ಮೇಡಂ ಬಂದರು. ಗುರುಮಲ್ಲಪ್ಪ ಗಿರಣಿ ನಿಲ್ಲಿಸಿ, ಅವಸರದಲ್ಲಿ ಮುಖ ತೊಳೆದು ಬಂದರು. ಕಣ್ಣ ರೆಪ್ಪೆಗಳ ಮೇಲೆ ಹಿಟ್ಟು ಇನ್ನೂ ಉಳಿದಿತ್ತು.

"ಬನ್ನಿ ಮೇಡಂ, ಬನ್ನಿ. ಕೂತ್ಕೊಳಿ. ನಮ್ಮ ಹುಡುಗಿಗೆ ಹೊತ್ತು ಹುಟ್ಟಿದ್ರೆ ನಿಮ್ಮದೇ ಧ್ಯಾನ."

"ಏನಂತಾಳೆ ನನ್ನ ಬಗ್ಗೆ?"

"ಏನೂ ಅನ್ನಲ್ಲ," ಎಂದರು ಗುರುಮಲ್ಲಪ್ಪ. "ಅವಳು ಮನೇಲಿ ಮಾತಾಡೋದೇ ಕಡಿಮೆ."

ಚೆನ್ನಾಜಮ್ಮ ಕಾಫಿ ತಂದಿಟ್ಟರು, ತಟ್ಟೆಯ ತುಂಬ ಕೋಡುಬಳೆ ತಂದಿಟ್ಟರು. ದಾಕ್ಷಿ ಅಡುಗೆಮನೆಯ ಬಾಗಿಲಿಗೆ ಒರಗಿ ನಿಂತಳು.

"ಭಾನುವಾರ ಬರೋರು ಒಳ್ಳೇ ಜನ," ಎಂದರು ಗುರುಮಲ್ಲಪ್ಪ. "ಹುಡುಗ ಇವಳಿಗಿಂತ ಒಂದು ಅಂಗುಲ ಉದ್ದ ಇದ್ದಾನೆ. ಆ ಅಂಗುಲ ಹುಡುಕೋದ್ರಲ್ಲಿ ನನ್ನ ಚಪ್ಪಲಿ ಸವೆದುಹೋಯ್ತು ಮೇಡಂ." ಸ್ವಲ್ಪ ತಡೆದು ಮತ್ತೆ ಹೇಳಿದರು: "ಮೈಸೂರಿನ ವಿಷಯ ಇವಳ ತಾಯಿ ಹೇಳಿದ್ಳು. ನೀವು ಬಂದಿರೋದೂ ಅದಕ್ಕೇ ಅಂತ ಗೊತ್ತು. ನೀವು ತಿಳಿದೋರು. ಏನು ಮಾಡಬೇಕು, ಒಂದು ಮಾತು ಹೇಳಿಬಿಡಿ. ನಿಮ್ಮ ಮಾತು ನಾನು ತೆಗೆದುಹಾಕಲ್ಲ."

ದಾಕ್ಷಿಯ ಎದೆ ಹಗುರವಾಯಿತು. ಇನ್ನೇನು, ಒಂದೇ ಒಂದು ಮಾತು. ಅವಳು ಮೇಡಂ ಮುಖ ನೋಡಿದಳು.

ಮೇಡಂ ಒಂದು ಕೋಡುಬಳೆ ಎತ್ತಿಕೊಂಡರು. ಮುರಿದರು. ಬಾಯಿಗೆ ಹಾಕಿಕೊಂಡರು.

"ಎಣ್ಣೆ ಹಿಡಿದಿಲ್ಲ," ಎಂದರು ಚೆನ್ನಾಜಮ್ಮನ ಕಡೆ ನೋಡಿ. "ಚೆನ್ನಾಗಿ ಬಂದಿದೆ."

ಆಮೇಲೆ ಮಾತಿಲ್ಲ.

ಗುರುಮಲ್ಲಪ್ಪ ಕಾದರು. ಮೇಡಂ ಇನ್ನೊಂದು ಕೋಡುಬಳೆ ಮುರಿದರು. ದಾಕ್ಷಿ ಕಣ್ಣಲ್ಲೇ ಬೇಡಿದಳು. ಮೇಡಂ ಅವಳ ಕಡೆ ನೋಡಲೇ ಇಲ್ಲ. ಲೋಟದೊಳಗಿನ ಕಾಫಿಯನ್ನೇ, ಅದರಲ್ಲಿ ಏನೋ ಬರೆದಿದೆ ಎಂಬಂತೆ ನೋಡುತ್ತಿದ್ದರು.

ಚೆಂಡು ಇಬ್ಬರ ನಡುವೆ ಬಂದು ಯಾರೂ ಕೂಗದಿದ್ದಾಗಿನ ಈ ಮೌನ ದಾಕ್ಷಿಗೆ ಗೊತ್ತಿತ್ತು. ಅದರ ಕೊನೆಗೆ ಎಂಥ ಸದ್ದು ಕೇಳಿಸುತ್ತದೆ ಎನ್ನುವುದೂ ಗೊತ್ತಿತ್ತು.

"ಹಾಗಾದ್ರೆ," ಎಂದು ಗುರುಮಲ್ಲಪ್ಪ ಲೋಟ ಕೆಳಗಿಟ್ಟರು, "ಭಾನುವಾರ..."

"ಅಪ್ಪ, ನಾನು ಆಡಬೇಕು!"

ಹೊಳೆ ದಾಟುವ ದನಿ ಅದು. ಅಷ್ಟು ಸಣ್ಣ ಕೋಣೆಗೆ ಹೆಚ್ಚಾಯಿತು. ಚೆನ್ನಾಜಮ್ಮನ ಕೈಯ ಕಾಫಿ ತುಳುಕಿತು. ದಾಕ್ಷಿ ಯಾವಾಗ ಬಾಗಿಲು ಬಿಟ್ಟು ಕೋಣೆಯ ನಡುವೆ ಬಂದು ನಿಂತಳೋ ಅವಳಿಗೇ ತಿಳಿಯಲಿಲ್ಲ.

"ಯಾಕಮ್ಮ ಅಷ್ಟು ಜೋರಾಗಿ?" ಎಂದರು ಗುರುಮಲ್ಲಪ್ಪ. "ನಾನು ಇಲ್ಲೇ ಇದ್ದೀನಿ."

"ನಾನು ಮೈಸೂರಿಗೆ ಹೋಗಬೇಕು." ಈ ಸಲ ದನಿ ತಗ್ಗಿತು, ಆದರೆ ನಿಲ್ಲಲಿಲ್ಲ. "ಮದುವೆ ಬೇಡ ಅಂತಲ್ಲ ಅಪ್ಪ. ಈಗ ಬೇಡ. ಭಾನುವಾರ ಅವರು ಬರೋದು ಬೇಡ. ಇನ್ನೂ ಆಡ್ತೀನಿ ನಾನು. ನಂಗೆ ಆಟ ಮುಗಿದಿಲ್ಲ."

ಗುರುಮಲ್ಲಪ್ಪ ಮಗಳನ್ನು ನೋಡಿದರು. ಕೂತಿದ್ದವರು ಅಷ್ಟೆತ್ತರದವಳ ಮುಖ ನೋಡಲು ಕತ್ತು ಪೂರ್ತಿ ಹಿಂದಕ್ಕೆ ಬಾಗಿಸಬೇಕಾಯಿತು.

"ಇಷ್ಟು ವರ್ಷದಲ್ಲಿ ಬೇಕು ಅಂತ ನೀನು ಅಂದಿದ್ದೇ ಇಲ್ವಲ್ಲಮ್ಮ."

"ನೀವು ಕೇಳಲಿಲ್ಲ."

"ನೀನೇ ಹೇಳ್ತೀಯ ಅಂತಿದ್ದೆ."

"ನೀವು ಕೇಳ್ತೀರ ಅಂತಿದ್ದೆ."

ಮೇಡಂ ಕಾಫಿ ಗುಟುಕರಿಸಿದ್ದು ಕೇಳಿಸಿತು.

ಗುರುಮಲ್ಲಪ್ಪ ಕಣ್ಣು ಒರೆಸಿಕೊಂಡರು. ರೆಪ್ಪೆಯ ಹಿಟ್ಟು ಕೈಗೆ ಬಂತು. ಆ ಕೈಯಲ್ಲೇ ಕೋಡುಬಳೆಯ ತಟ್ಟೆಯನ್ನು ಮಗಳ ಕಡೆಗೆ ಸರಿಸಿದರು.

"ಎಲ್ಲಿ ನಿಲ್ತೀಯ ನೀನು?"

"ಏನಪ್ಪ?"

"ಆಟದಲ್ಲಿ. ಎಲ್ಲಿ ನಿಲ್ತೀಯ? ನಂಗೆ ಗೊತ್ತೇ ಇಲ್ವಲ್ಲ."

ದಾಕ್ಷಿ ನೆಲದ ಮೇಲೆ ಕೂತಳು. ತಟ್ಟೆಯ ಕೋಡುಬಳೆಗಳನ್ನು ಬದಿಗೆ ತಳ್ಳಿ, ಮುಂದೆ ಮೂರು, ಹಿಂದೆ ಮೂರು ಇಟ್ಟಳು.

"ಈ ತಟ್ಟೆ ಅಂಚು ಬಲೆ ಅಂದ್ಕೊಳಿ. ಎಡಗಡೆ, ಬಲೆ ಹತ್ರ ಇರೋದು ನಾನು."

"ಈ ಹಿಂದಿಂದು?"

"ಸಫೂರಾ. ಹಿಂದೆ ಬಂದಿದ್ದೆಲ್ಲ ಅವಳದೇ."

"ನಿಂಗೆ ಚೆಂಡು ಯಾರು ಕೊಡೋದು?"

"ಇವಳು. ಇವಳು ಎತ್ತಿಕೊಟ್ರೆ ನಾನು ಹೊಡೀತೀನಿ."

"ಅವಳು ಕೊಡದೇ ಇದ್ರೆ?"

"ಕೊಡ್ತಾಳೆ ಅಪ್ಪ. ಕೂಗ್ತೀನಲ್ಲ."

ಗುರುಮಲ್ಲಪ್ಪ ಹಿಟ್ಟಿನ ಕೈಯಲ್ಲೇ ಮಗಳ ಕೆನ್ನೆ ತಟ್ಟಿ, ತಲೆಯಾಡಿಸುತ್ತಾ ಮುಂದೆ ಬಾಗಿದರು. ಅಪ್ಪ ಮಗಳ ತಲೆಗಳು ತಟ್ಟೆಯ ಮೇಲೆ ಹತ್ತಿರ ಹತ್ತಿರ ಬಂದವು.

"ತಿನ್ನೋ ಪದಾರ್ಥದಲ್ಲಿ ಇದೇನು ಆಟ ನಿಮ್ಮದು!" ಎಂದರು ಚೆನ್ನಾಜಮ್ಮ. ಯಾರೂ ತಲೆಯೆತ್ತಲಿಲ್ಲ. ಅವರು ಸೆರಗಲ್ಲಿ ಕೈ ಒರೆಸಿಕೊಂಡು ಸ್ವಲ್ಪ ಹೊತ್ತು ನಿಂತರು. "ಭಾನುವಾರದೋರಿಗೆ ನಾನೇನು ಹೇಳ್ಲಿ?"

"ಬರೋದು ಬೇಡ ಅನ್ನು."

"ಮತ್ತೆ ಯಾವಾಗ ಬನ್ನಿ ಅನ್ಲಿ?"

"ನನ್ನ ಯಾಕೆ ಕೇಳ್ತೀಯ?" ಎಂದು ಗುರುಮಲ್ಲಪ್ಪ ಮಗಳ ಕಡೆ ಕೈ ತೋರಿಸಿದರು. "ಇಲ್ಲೇ ಕೂತಿದ್ದಾಳಲ್ಲ."

ದಾಕ್ಷಿ ಮೇಡಂ ಅವರನ್ನು ಬಸ್ ಸ್ಟಾಪಿನವರೆಗೆ ಬಿಡಲು ಹೋದಳು. ನಗು ಬರುತ್ತಿತ್ತು, ಅಳು ಬರುತ್ತಿತ್ತು, ಎಲ್ಲಕ್ಕಿಂತ ಹೆಚ್ಚಾಗಿ ಸಿಟ್ಟು ಬರುತ್ತಿತ್ತು.

"ಮಾತಾಡೋಕೆ ಬಂದು ಕೋಡುಬಳೆ ತಿಂದ್ಕೊಂಡು ಕೂತ್ರಲ್ಲ ಮೇಡಂ!"

"ಚೆನ್ನಾಗಿತ್ತು ಕಣೆ."

"ನಂಗೆ ಜೀವ ಬಾಯಿಗೆ ಬಂದಿತ್ತು. ಎಲ್ಲ ಮುಗೀತು ಅಂದ್ಕೊಂಡೆ."

"ಹೂಂ."

ಬಸ್ಸು ಬಂತು. ಮೇಡಂ ಕಂಬಿ ಹಿಡಿದು ಮೆಟ್ಟಿಲ ಮೇಲೆ ಕಾಲಿಟ್ಟರು. ದಾಕ್ಷಿಗೆ ತಡೆಯಲಾಗಲಿಲ್ಲ.

"ನೀವು ಒಂದೇ ಒಂದು ಮಾತು ಹೇಳಿದ್ರೆ ಸಾಕಾಗಿತ್ತು. ಅಪ್ಪ ಆಗಲೇ ಒಪ್ಪಿಬಿಡ್ತಿದ್ರು."

ಮೇಡಂ ತಿರುಗಿ, ಅವಳ ಕೆನ್ನೆಗೆ ಮೆತ್ತಿದ್ದ ಹಿಟ್ಟನ್ನು ಹೆಬ್ಬೆರಳಲ್ಲಿ ಒರೆಸಿದರು.

"ಒಪ್ಪಿಬಿಡ್ತಿದ್ರು," ಎಂದರು. "ನನ್ನ ಮಾತಿಗೆ."